ಎದ್ದು ಹೋಗದ ಅತಿಥಿ

ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಅನ್ನುತ್ತಾರೆ. ಊಟವೇ ಬಾರದಿದ್ದರೆ? ಅಮೆರಿಕದ ‘ದಿ ಆಫೀಸ್’ ಸರಣಿಯ ‘ಡಿನ್ನರ್ ಪಾರ್ಟಿ’ ಕಂತು ನಿಂತಿರುವುದೇ ಈ ಪ್ರಶ್ನೆಯ ಮೇಲೆ. ಹಾಲಿವುಡ್ ಬರಹಗಾರರ ಮುಷ್ಕರ ಮುಗಿದ ಮೇಲೆ, 2008ರ ಏಪ್ರಿಲ್‌ನಲ್ಲಿ ಬಂದ ಈ ಕಂತಿನ ನಿರ್ದೇಶಕ ಪಾಲ್ ಫೀಗ್. ಮೊನ್ನೆ ಮತ್ತೆ ನೋಡಿದೆ, ಎಷ್ಟನೆಯ ಸಲವೋ.

ಕಾಗದ ಮಾರುವ ಕಂಪನಿಯ ಮ್ಯಾನೇಜರ್ ಮೈಕಲ್ ಸುಳ್ಳು ಓವರ್‌ಟೈಮ್ ಹೂಡಿ, ಆಮೇಲೆ ರದ್ದು ಮಾಡಿ, ನೆಪ ಹೇಳಲಾಗದಂತೆ ತನ್ನ ನೌಕರ ಜೋಡಿ ಜಿಮ್ ಮತ್ತು ಪ್ಯಾಮ್‌ರನ್ನು ಮನೆಗೆ ಊಟಕ್ಕೆ ಎಳೆದೊಯ್ಯುತ್ತಾನೆ. ಅಲ್ಲಿ ಅವನ ಜೊತೆಗಾತಿ ಜ್ಯಾನ್. ಮಾಂಸ ಬೇಯಲು ಇನ್ನೂ ಮೂರು ತಾಸು ಬೇಕಂತೆ! ಅತಿಥಿಗಳನ್ನು ಕಟ್ಟಿಹಾಕಲು ಬರಹಗಾರರಿಗೆ ಇದಕ್ಕಿಂತ ಹೆಚ್ಚಿನ ಹಗ್ಗ ಬೇಕಾಗಿಲ್ಲ.

ಆಫೀಸಿನಲ್ಲಾದರೆ ಸಾಕ್ಷ್ಯಚಿತ್ರದ ಸೋಗು ಹಾಕಿದ ಈ ಸರಣಿಯ ಕ್ಯಾಮೆರಾ ಕಿಟಕಿಯ ಬ್ಲೈಂಡ್ಸ್ ಸಂದಿಯಲ್ಲಿ ಕದ್ದು ನೋಡುತ್ತದೆ. ಮೈಕಲ್ ಮನೆಯಲ್ಲಿ ಅಡಗಲು ಜಾಗವಿಲ್ಲ. ಅತಿಥಿಗಳ ಬೆನ್ನಿಗೇ ಮೆಟ್ಟಿಲು ಹತ್ತಬೇಕು, ಅವರ ಹಾಗೆಯೇ ಸಿಕ್ಕಿಬೀಳಬೇಕು. ಕ್ಯಾಮೆರಾದತ್ತ ಜಿಮ್‌ನ ಓರೆನೋಟ ಎಂದಿನಂತೆ ‘ನೋಡಿದಿರಾ?’ ಎನ್ನುವುದಿಲ್ಲ, ‘ಪಾರು ಮಾಡಿ’ ಎನ್ನುತ್ತದೆ. ಎಲ್ಲಿ ನಗಬೇಕೆಂದು ಹೇಳುವ ಹಿನ್ನೆಲೆ ನಗು ಈ ಸರಣಿಯಲ್ಲಿಲ್ಲ. ಗೋಡೆಗಂಟಿದ ಪುಟಾಣಿ ಪ್ಲಾಸ್ಮಾ ಟಿವಿಯನ್ನು ಮೈಕಲ್ ಹೆಮ್ಮೆಯಿಂದ ಇನ್ನಷ್ಟು ಗೋಡೆಯತ್ತ ತಳ್ಳಿ ತೋರಿಸುವಾಗ ಯಾರೂ ಮಾತಾಡುವುದಿಲ್ಲ. ಆ ಮೌನವನ್ನು ಕತ್ತರಿಸದೆ ಬಿಟ್ಟ ಸಂಕಲನಕಾರರಿಗೆ ಒಂದು ಸಲಾಮು. ಕೊನೆಗೆ ಮೈಕಲ್ ಜೊತೆಗಿನ ಜಗಳದಲ್ಲಿ ಜ್ಯಾನ್ ಎಸೆದ ಪ್ರಶಸ್ತಿ ಬೊಂಬೆ ಆ ಟಿವಿಗೇ ಬಡಿಯುವಾಗ, ನಮಗೂ ಅದು ಸ್ವಂತ ಮನೆಯ ಟಿವಿ ಒಡೆದಂತೆ.

ಆಫೀಸಿನ ಸಹೋದ್ಯೋಗಿ ಡ್ವೈಟ್ ತನ್ನನ್ನು ಚಿಕ್ಕಂದಿನಲ್ಲಿ ನೋಡಿಕೊಂಡಿದ್ದ ಆಯಾಳನ್ನು ಜೋಡಿಯೆಂದು ಕರೆತರುವುದು ಮಾತ್ರ ನನಗೆ ಹಿಡಿಸದು. ನಗು ಬಂತು, ನಿಜ. ಆದರೆ ಅದು ಪ್ರಹಸನದ ನಗು. ಪಕ್ಕದ ಮನೆಯಲ್ಲಿ ನಡೆದೀತು ಎಂಬ ಭಯ ಅಷ್ಟು ಹೊತ್ತು ಸಡಿಲವಾಗುತ್ತದೆ.

ಸಾಕ್ಷ್ಯಚಿತ್ರದ ಸೋಗಿಗೆ ಬದ್ಧವಾದ ಈ ಸರಣಿಯಲ್ಲಿ ದೃಶ್ಯಗಳಿಗೆ ಹಿನ್ನೆಲೆ ಸಂಗೀತ ಸುರಿಯುವುದಿಲ್ಲ. ಕಡೆಗೆ ಜಿಮ್ ಆ ಮನೆಯಿಂದ ಒಂದು ಸಿಡಿ ಕದ್ದು ತರುತ್ತಾನೆ: ಜ್ಯಾನ್‌ಳ ಹಳೆಯ ಸಹಾಯಕ ಹಂಟರ್ ಹಾಡಿದ್ದು, ಅವಳು ಮೈಮರೆತು ಕುಣಿದದ್ದು. ಕಾರಿನಲ್ಲಿ ಶುರುವಾದ ಹಾಡು ಉಳಿದವರ ದೃಶ್ಯಗಳ ಮೇಲೂ ಹರಿಯುತ್ತದೆ. ಕದ್ದ ಮಾಲಿನಿಂದ ದಕ್ಕಿದ ಹಿನ್ನೆಲೆ ಸಂಗೀತ! ಜಿಮ್, ಪ್ಯಾಮ್ ಅಂತೂ ಬರ್ಗರ್ ತಿನ್ನುತ್ತಿದ್ದಾರೆ. ಅತ್ತ ಖಾಲಿ ಮನೆಯಲ್ಲಿ ಜ್ಯಾನ್, ಮುರಿದ ಬೊಂಬೆಯನ್ನು ಜೋಡಿಸುತ್ತ ಕೂತಿದ್ದಾಳೆ.