ಪುಕ್ಕಟೆ ಸಿನಿಮಾದ ಬೆನ್ನಿಗೆ ಬರುವುದೇನು?

ಶುಕ್ರವಾರ ತೆರೆಕಂಡ ಸಿನಿಮಾದ ‘ಕ್ಯಾಮೆರಾ ಪ್ರಿಂಟ್’ ಒಮ್ಮೊಮ್ಮೆ ಅದೇ ಸಂಜೆಯೊಳಗೆ ಟೆಲಿಗ್ರಾಂ ಗುಂಪುಗಳಲ್ಲಿ ಓಡಾಡತೊಡಗುತ್ತದೆ. 2019ರಲ್ಲಿ ಸುದೀಪ್ ಅವರ ‘ಪೈಲ್ವಾನ್’ಗೂ ಇದೇ ಗತಿಯಾಗಿ, ಚಿತ್ರತಂಡ ಪೊಲೀಸರ ಮೊರೆ ಹೋಯಿತು.

ಚಿತ್ರಮಂದಿರದಲ್ಲಿ ಮೊಬೈಲ್ ಎತ್ತಿ ಹಿಡಿದು ಕದ್ದರೆ ಸುಳಿವು ಸಿಗದು ಎಂದುಕೊಂಡವರು ಬಹಳ. ಆದರೆ ಡಿಜಿಟಲ್ ಪ್ರದರ್ಶನದಲ್ಲಿ ದೃಶ್ಯ, ಧ್ವನಿಗಳೊಳಗೆ ಗುಪ್ತ ಗುರುತೊಂದು ಬೆರೆತಿರುತ್ತದೆ. ಪ್ರೇಕ್ಷಕರ ಕಣ್ಣು ಕಿವಿಗೆ ಅದು ಸಿಕ್ಕುವುದಿಲ್ಲ. ಕದ್ದ ಪ್ರತಿಯನ್ನು ಪ್ರಯೋಗಾಲಯದಲ್ಲಿ ಪರೀಕ್ಷಿಸಿದರೆ ಅದನ್ನು ಯಾವ ಪರದೆಯಿಂದ, ಯಾವ ದಿನ, ಎಷ್ಟು ಹೊತ್ತಿಗೆ ಸೆರೆಹಿಡಿಯಲಾಯಿತೆಂದು ಪತ್ತೆ ಹಚ್ಚಬಹುದು. 2023ರಲ್ಲಿ ತಿದ್ದುಪಡಿಯಾದ ಸಿನಿಮಾಟೋಗ್ರಾಫ್ ಕಾಯ್ದೆಯ ಪ್ರಕಾರ ಈ ಅಪರಾಧಕ್ಕೆ ಕನಿಷ್ಠ ಮೂರು ತಿಂಗಳು, ಗರಿಷ್ಠ ಮೂರು ವರ್ಷ ಜೈಲು. ದಂಡ ಮೂರು ಲಕ್ಷ ರೂಪಾಯಿಯಿಂದ ಶುರುವಾಗಿ, ಚಿತ್ರದ ಲೆಕ್ಕಪರಿಶೋಧಿತ ನಿರ್ಮಾಣ ವೆಚ್ಚದ ಶೇ 5ರವರೆಗೂ ಏರಬಹುದು.

ನೋಡುವವರಿಗೆ ಕಾದಿರುವ ಅಪಾಯವೇ ಬೇರೆ.

ಕದ್ದ ಸಿನಿಮಾ ಹಂಚುವ ಜಾಲತಾಣದ ಪುಟ ತೆರೆದರೆ ಒಂದರ ಕೆಳಗೊಂದು ನಾಲ್ಕಾರು ‘ಡೌನ್‌ಲೋಡ್’ ಗುಂಡಿಗಳು. ಮೊದಲನೆಯದನ್ನು ಒತ್ತಿದರೆ ಬೆಟ್ಟಿಂಗ್ ಆ್ಯಪ್‌ನ ಜಾಹೀರಾತು, ಎರಡನೆಯದಕ್ಕೆ ‘ನಿಮ್ಮ ಫೋನಿಗೆ ವೈರಸ್ ತಗುಲಿದೆ’ ಎಂಬ ಸುಳ್ಳು ಎಚ್ಚರಿಕೆ. ಮತ್ತೊಂದು, ‘ಪ್ಲೇಯರ್ ಹಾಕಿಕೊಳ್ಳಿ’ ಎಂದು ಆ್ಯಪ್ ಅಳವಡಿಸುವ ಒಂದು ಎಪಿಕೆ ಕಡತವನ್ನು ಫೋನಿಗೆ ಇಳಿಸುತ್ತದೆ. ಸಿನಿಮಾ ನೋಡಲು ಎಸ್‌ಎಂಎಸ್ ಓದುವ ಅನುಮತಿ ಯಾಕೆ ಬೇಕು? ಆತುರದಲ್ಲಿ ಯಾರೂ ಕೇಳಿಕೊಳ್ಳುವುದಿಲ್ಲ. ಅನುಮತಿ ಕೊಟ್ಟರೆ ಬ್ಯಾಂಕಿನ ಒಟಿಪಿಯನ್ನು ಫೋನಿನ ಮಾಲೀಕನಿಗಿಂತ ಮೊದಲೇ ಕಳ್ಳ ಓದಬಲ್ಲ.

ಇಷ್ಟೆಲ್ಲ ಅಪಾಯ ಮೈಮೇಲೆ ಎಳೆದುಕೊಂಡರೂ ಸಿಗುವುದೇನು? ‘ಕಾಂತಾರ’ದ ಕೊನೆಯ ಇಪ್ಪತ್ತು ನಿಮಿಷಗಳನ್ನು ಕ್ಯಾಮೆರಾ ಪ್ರಿಂಟ್‌ನಲ್ಲಿ ನೋಡಿದವರು ಆ ಚಿತ್ರವನ್ನು ನೋಡಿಯೇ ಇಲ್ಲ ಎನ್ನಬೇಕು. ಕತ್ತಲೆಯ ದೃಶ್ಯಗಳು ಮಸಿ ಬಳಿದಂತೆ ಕಾಣುತ್ತವೆ, ಅಜನೀಶ್ ಲೋಕನಾಥ್ ಅವರ ಸಂಗೀತ ಪಕ್ಕದ ಸೀಟಿನವರ ಕೆಮ್ಮಿನಲ್ಲಿ ಕರಗಿಹೋಗುತ್ತದೆ. ಚಿತ್ರತಂಡದ ತಿಂಗಳುಗಟ್ಟಲೆ ದುಡಿಮೆಗೆ ಇದಕ್ಕಿಂತ ದೊಡ್ಡ ಅವಮಾನವಿಲ್ಲ.

ಇಂಥ ತಾಣದ ಒಂದು ವಿಳಾಸ ಮುಚ್ಚಿಸಿದರೆ ಮರುದಿನವೇ ಇನ್ನೊಂದು ಹುಟ್ಟುತ್ತದೆ. ಅದಕ್ಕೇ ದೆಹಲಿ ಹೈಕೋರ್ಟ್ 2019ರಲ್ಲಿ, ಅದೇ ತಾಣದ ಹೊಸ ಪ್ರತಿರೂಪಗಳಿಗೂ ತಡೆಯಾಜ್ಞೆ ವಿಸ್ತರಿಸುವ ದಾರಿ ತೆರೆಯಿತು. ಹಾಗಿದ್ದರೂ ನಕಲಿಗಳು ನಿಂತಿಲ್ಲ. ಹೆಸರುವಾಸಿ ಪೈರಸಿ ತಾಣದ ಹೆಸರನ್ನೇ ಇಟ್ಟುಕೊಂಡು, ಸಿನಿಮಾವನ್ನೇ ಇಡದೆ ಬರೀ ಬಲೆ ಹಾಸಿ ಕೂತವೂ ಇವೆ.

ಅಂಥ ಎಪಿಕೆ ಕಡತ ಫೋನಿಗೆ ಸೇರಿದ್ದರೆ ಕೂಡಲೇ ಇಂಟರ್ನೆಟ್ ಆರಿಸಿ, ಬೇರೊಂದು ಫೋನಿನಿಂದ ಬ್ಯಾಂಕಿಗೆ ತಿಳಿಸಬೇಕು. ಹಣ ಹೋಗಿದ್ದರೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಬೇಕು. ದೂರು ಬೇಗ ತಲುಪಿದಷ್ಟೂ ಹಣವನ್ನು ಮುಂದಿನ ಖಾತೆಗೆ ಹೋಗದಂತೆ ತಡೆಹಿಡಿಯುವ ಅವಕಾಶ ಹೆಚ್ಚು.