ವೀರ ಎಂದು ಕರೆದು ಮುಗಿಸುವುದು ಸಾಕು

ಶಿರಸಿ, ಸಿದ್ದಾಪುರ, ಯಲ್ಲಾಪುರದ ಕಡೆ ಸೈನ್ಯದ ಮಾತು ಬಂದರೆ ತೀರ್ಪು ಬಹಳ ಬೇಗ ಹೊರಬೀಳುತ್ತದೆ. “ನಮ್ಮ ಬದಿಗೆ ಮಿಲ್ಟ್ರಿ ಆಗಿಬತ್ತಿಲ್ಲೆ” ಎನ್ನುತ್ತಾರೆ. ಇದು ಅಡಿಕೆ ತೋಟದ ಸೀಮೆ, ಮಠಗಳ ಸೀಮೆ, ಯಕ್ಷಗಾನದ ಸೀಮೆ. ಸೈನ್ಯವೇನಿದ್ದರೂ ಕೊಡಗಿನವರಿಗೆ, ಬೆಳಗಾವಿ ಕಡೆಯವರಿಗೆ ಎಂಬ ನಂಬಿಕೆ. ಇದರ ಜೊತೆಗೇ ಇನ್ನೊಂದು ಮಾತು ಬರುತ್ತದೆ: ಸೈನಿಕನಾಗುವ ಕೆಚ್ಚು ಹುಟ್ಟಿನಿಂದ ಬರಬೇಕು, ಅದು ರಕ್ತದಲ್ಲಿರಬೇಕು. ಮೊದಲನೆಯದರಲ್ಲಿ ವಿನಯವಿದೆ, ಎರಡನೆಯದರಲ್ಲಿ ಗೌರವವಿದೆ ಎಂದು ತೋರುತ್ತದೆ. ಆದರೆ ಎರಡೂ ಸುಳ್ಳು ಎಂಬುದು ನನ್ನ ವಾದ. ಈ ಎರಡು ಮಾತುಗಳಿಂದಾಗಿಯೇ ಸಾಮಾನ್ಯ ಸೈನಿಕ ಏನು ಕಲಿತ, ಏನು ಅನುಭವಿಸಿದ, ಹೇಗೆ ಮರಳಿದ ಎಂದು ನಾವು ಕೇಳುವುದನ್ನೇ ಬಿಟ್ಟಿದ್ದೇವೆ.

ಶಿರಸಿ ತಾಲೂಕಿನ ಸೋಂದೆಯಿಂದಲೇ ಶುರುಮಾಡೋಣ. ಸೋಂದೆ ಎಂದೊಡನೆ ವಾದಿರಾಜರು, ಸ್ವರ್ಣವಲ್ಲಿ, ಜೈನ ಮಠ, ಮುತ್ತಿನಕೆರೆ ನೆನಪಾಗುತ್ತವೆ. ಕೋಟೆ ನೆನಪಾದರೂ ಅರಸಪ್ಪ ನಾಯಕನಿಂದ ಹಿಡಿದು ಅರಸರ ಹೆಸರುಗಳಷ್ಟೇ ನಾಲಗೆಗೆ ಬರುತ್ತವೆ. ಹದಿನಾರನೆಯ ಶತಮಾನದ ನಡುವಿನಿಂದ ಹೈದರಾಲಿಯ ಸೈನ್ಯ ಬಂದ 1763–64ರವರೆಗೆ, ಸುಮಾರು ಇನ್ನೂರು ವರ್ಷ, ಈ ಪುಟ್ಟ ಸಂಸ್ಥಾನ ಬಿಜಾಪುರ, ಇಕ್ಕೇರಿ, ಮರಾಠರು, ಗೋವೆಯ ಪೋರ್ಚುಗೀಸರ ನಡುವೆ ಬದುಕಿತು. ಅದರ ಕಾಳುಮೆಣಸಿನ ಮೇಲೆ ಎಲ್ಲರಿಗೂ ಕಣ್ಣಿತ್ತು. ಘಟ್ಟದ ದಾರಿಗಳನ್ನು, ಸುಂಕದ ಕಟ್ಟೆಗಳನ್ನು, ಕೋಟೆಯ ಬಾಗಿಲನ್ನು ಯಾರೋ ಹಗಲುರಾತ್ರಿ ಕಾದಿರಲೇಬೇಕು. ಸೋಂದೆಯ ಕೋಟೆಬಾಗಿಲ ಬಳಿ 18 ಅಡಿ ಉದ್ದದ ಎರಡು ತೋಪುಗಳು ಬಿದ್ದಿದ್ದವೆಂದು 1883ರ ಕೆನರಾ ಗೆಜೆಟಿಯರ್ ಬರೆದಿಟ್ಟಿದೆ. ಅಂಥ ತೋಪನ್ನು ಮಳೆಗಾಲದ ಕೆಸರಿನಲ್ಲಿ ಎಳೆದವರು, ಅದಕ್ಕೆ ಮದ್ದು ತುಂಬಲು ಕಲಿತವರು, ಅದರ ಸದ್ದಿಗೆ ಕಿವಿ ಕಳೆದುಕೊಂಡವರು ಈ ಸೀಮೆಯ ಜನರಲ್ಲವೇ? ಸೋಂದೆ ಬಿದ್ದಾಗ ಅರಸ ಗೋವೆಗೆ ಹೋದ, ಪೋರ್ಚುಗೀಸರ ಆಶ್ರಯ ಪಡೆದ. ಕೋಟೆ ಕಾಯುತ್ತಿದ್ದವರು ಎಲ್ಲಿಗೆ ಹೋದರು ಎಂದು ನಮ್ಮ ಚರಿತ್ರೆ ಕೇಳಿಲ್ಲ. ಆಮೇಲೆ ನಾವೇ “ಇಲ್ಲಿ ಸೈನಿಕರಿರಲಿಲ್ಲ” ಎಂದು ಹೇಳಿಕೊಂಡು ಬಂದೆವು. ದಾಖಲೆಯಲ್ಲಿ ಹೆಸರಿಲ್ಲದವರನ್ನು ಬದುಕಿಯೇ ಇರಲಿಲ್ಲವೆಂದು ತೀರ್ಮಾನಿಸಿದ ಹಾಗಾಯಿತು.

ಇನ್ನೂ ಹಿಂದಕ್ಕೆ ಹೋದರೆ ಬನವಾಸಿಯಿದೆ, ಇದೇ ಶಿರಸಿ ತಾಲೂಕಿನಲ್ಲಿ. ಕದಂಬ ವಂಶವನ್ನು ಕಟ್ಟಿದ ಮಯೂರಶರ್ಮ ಕಂಚಿಗೆ ಹೋದದ್ದು ವೇದ ಓದಲು. ಅಲ್ಲಿ ಪಲ್ಲವರ ಕುದುರೆ ಸವಾರನೊಡನೆ ಜಗಳವಾಗಿ, ಅವಮಾನ ತಾಳಲಾರದೆ ಕತ್ತಿ ಹಿಡಿದನೆಂದು ತಾಳಗುಂದದ ಶಾಸನ ಹೇಳುತ್ತದೆ. ಯಜ್ಞದ ದರ್ಭೆ, ಸಮಿತ್ತು ಹಿಡಿಯುತ್ತಿದ್ದ ಕೈ ಅದು. ಕೆಚ್ಚು ರಕ್ತದಿಂದಲೇ ಬರುವುದಾದರೆ ಕನ್ನಡದ ಮೊದಲ ರಾಜ್ಯ ಹುಟ್ಟುತ್ತಲೇ ಇರಲಿಲ್ಲ.

ಹಾಗಾದರೆ ಈ ‘ರಕ್ತ’ದ ಮಾತು ಎಲ್ಲಿಂದ ಬಂತು? ಜಾತಿಯ ಹೆಮ್ಮೆಯಲ್ಲಿ ಅದಕ್ಕೆ ಹಳೆಯ ಬೇರುಗಳಿರಬಹುದು. ಆದರೆ ಅದನ್ನು ಸರ್ಕಾರಿ ನಿಯಮವಾಗಿ ಮಾಡಿದ್ದು ಬ್ರಿಟಿಷರು. 1857ರ ದಂಗೆಯ ನಂತರ ಅವರು ಭಾರತೀಯರನ್ನು ಯುದ್ಧಕ್ಕೆ ಒದಗುವ ಕುಲಗಳು, ಒದಗದ ಕುಲಗಳು ಎಂದು ವಿಂಗಡಿಸಿದರು. 1881ರಿಂದ 1885ರವರೆಗೆ ಮದ್ರಾಸ್ ಸೈನ್ಯದ ದಂಡನಾಯಕನಾಗಿದ್ದ ಫ್ರೆಡರಿಕ್ ರಾಬರ್ಟ್ಸ್ ದಕ್ಷಿಣದವರು ಯುದ್ಧಕ್ಕೆ ತಕ್ಕವರಲ್ಲ ಎಂದು ಬಲವಾಗಿ ನಂಬಿದ್ದ. ಮುಂದೆ ಅವನೇ ಇಡೀ ಭಾರತದ ದಂಡನಾಯಕನಾದ. ಮದ್ರಾಸಿನ ಪದಾತಿ ದಳಗಳು ಒಂದೊಂದಾಗಿ ಕರಗಿದವು. 1920ರ ದಶಕ ಮುಗಿಯುವ ಹೊತ್ತಿಗೆ ಅವು ಇಲ್ಲವೇ ಇಲ್ಲ ಎಂಬಂತಾಯಿತು. ಎರಡನೆಯ ಮಹಾಯುದ್ಧ ಬಂದು ಜನ ಸಾಲದೇ ಹೋದಾಗ ಅದೇ ಸರ್ಕಾರ ಮದ್ರಾಸ್ ರೆಜಿಮೆಂಟನ್ನು ಮತ್ತೆ ಕಟ್ಟಿತು. ಜನರ ರಕ್ತ ಅಷ್ಟರಲ್ಲಿ ಬದಲಾಗಿರಲಿಲ್ಲ, ಬದಲಾದದ್ದು ಸರ್ಕಾರದ ಗರಜು. ಉತ್ತರ ಕನ್ನಡ ಕೂಡ 1862ರವರೆಗೆ ಮದ್ರಾಸ್ ಪ್ರಾಂತ್ಯದಲ್ಲೇ ಇತ್ತು. “ನಮ್ಮ ಬದಿಗೆ ಆಗಿಬತ್ತಿಲ್ಲೆ” ಎನ್ನುವವರು ತಮಗರಿವಿಲ್ಲದೆ ಪರಕೀಯ ದಂಡನಾಯಕನ ತೀರ್ಪನ್ನೇ ಒಪ್ಪಿಕೊಂಡಂತಾಗಿದೆ.

ಇದೇ ತಪ್ಪನ್ನು ಸ್ವತಂತ್ರ ಭಾರತವೂ ನಮ್ಮ ಪಕ್ಕದಲ್ಲೇ ಮಾಡಿತು. 1987ರಲ್ಲಿ ಭಾರತೀಯ ಕ್ರೀಡಾ ಪ್ರಾಧಿಕಾರ ಯಲ್ಲಾಪುರ, ಹಳಿಯಾಳದ ಕಾಡಂಚಿನ ಸಿದ್ದಿ ಮಕ್ಕಳನ್ನು ಹುಡುಕಿ ಕರೆದೊಯ್ದಿತು. ಆಫ್ರಿಕಾ ಮೂಲದವರು, ಓಟ ಇವರ ಮೈಯಲ್ಲೇ ಇದೆ, ಪದಕ ಬಂದೇ ಬರುತ್ತದೆ ಎಂಬ ಎಣಿಕೆ. ಮಕ್ಕಳಲ್ಲಿ ಪ್ರತಿಭೆಯಿತ್ತು, ಕೆಲವರು ರಾಷ್ಟ್ರಮಟ್ಟದಲ್ಲಿ ಗೆದ್ದರು. ಆದರೆ ಯೋಜನೆ ಕೆಲವೇ ವರ್ಷಗಳಲ್ಲಿ ನಿಂತುಹೋಯಿತು. ಎಷ್ಟೋ ಮಂದಿ ಅರ್ಧ ತರಬೇತಿಯೊಂದಿಗೆ ಊರಿಗೆ ಮರಳಿದರು. ರಕ್ತದ ಮೇಲೆ ಭರವಸೆ ಇಟ್ಟವರು ಕಲಿಕೆಗೆ ಬೇಕಾದ ಅನ್ನ, ಸಮಯ, ಮುಂದಿನ ಕೆಲಸದ ಖಾತರಿಯನ್ನು ಕಡೆಯವರೆಗೆ ಕೊಡುವುದಿಲ್ಲ. ರಕ್ತವೇ ಎಲ್ಲ ಮಾಡಿಕೊಳ್ಳುತ್ತದಲ್ಲ!

ರಕ್ತ ಸಾಲದು, ಕಲಿಕೆ ಬೇಕು ಎಂಬ ಸತ್ಯ ಸೈನ್ಯಕ್ಕೆ ಚೆನ್ನಾಗಿ ಗೊತ್ತಿದೆ. ಗೊತ್ತಿರುವುದರಿಂದಲೇ ಅದು ತರಬೇತಿ ಕೊಡುತ್ತದೆ. ಭರ್ತಿಯ ದಿನ 1.6 ಕಿಲೋಮೀಟರ್ ಓಟ, ಒಂಬತ್ತು ಅಡಿ ಹಳ್ಳದ ಜಿಗಿತ, ಪುಲ್‌ಅಪ್. ಅದು ಮುಗಿದ ಮೇಲೆ ಹುಡುಗನಿಗೆ ಹೊಸ ಬದುಕು. ಬೆಳಕು ಹರಿಯುವ ಮೊದಲೇ ಫಾಲಿನ್, ಪೀಟಿ, ಡ್ರಿಲ್. ಉಸ್ತಾದನ ಹಿಂದಿ ಅರ್ಥವಾಗುವ ಮೊದಲೇ ಅದಕ್ಕೆ ಮೈ ಓಗೊಡಬೇಕು. ಒಬ್ಬ ತಪ್ಪಿದರೆ ಇಡೀ ಸಾಲಿಗೆ ಶಿಕ್ಷೆ. ರೈಫಲನ್ನು ಬಿಚ್ಚಿ, ಒರೆಸಿ, ಜೋಡಿಸಿ, ಮತ್ತೆ ಬಿಚ್ಚಿ, ಕತ್ತಲೆಯಲ್ಲೂ ಕೈ ತಪ್ಪದಷ್ಟು ಸಲ. ಇದೆಲ್ಲ ಏತಕ್ಕೆ? ಗುಂಡಿನ ಸದ್ದಿಗೆ ಎಲ್ಲರ ಮೈಯೂ ನಡುಗುತ್ತದೆ, ಎಲ್ಲರ ಕಾಲೂ ಓಡಲು ನೋಡುತ್ತದೆ. ಆ ಗಳಿಗೆಯಲ್ಲಿ ಬುದ್ಧಿ ಕೈಕೊಟ್ಟರೂ ಕೈಗೆ ಅಭ್ಯಾಸ ನೆನಪಿರಲಿ ಎಂದು. ಭಯವಿಲ್ಲದವನನ್ನು ಹುಡುಕಿ ತರುವ ಸೈನ್ಯ ಜಗತ್ತಿನಲ್ಲೆಲ್ಲೂ ಇಲ್ಲ. ಭಯವಿದ್ದೂ ಕೆಲಸ ಮಾಡುವುದನ್ನು ಎಲ್ಲ ಸೈನ್ಯಗಳೂ ಕಲಿಸುತ್ತವೆ.

ಎತ್ತರದ ಪ್ರದೇಶದ ನಿಯಮಗಳು ಇದನ್ನು ಇನ್ನೂ ಸ್ಪಷ್ಟ ಮಾಡುತ್ತವೆ. ಶಿರಸಿ ಸಮುದ್ರಮಟ್ಟದಿಂದ ಎರಡು ಸಾವಿರ ಅಡಿಯಷ್ಟು ಮೇಲಿದೆ. ಇಲ್ಲಿಯ ಹುಡುಗ ಲಡಾಖಿಗೆ ಹೋದರೆ 9,000ದಿಂದ 12,000 ಅಡಿಯಲ್ಲಿ ಆರು ದಿನ, 15,000 ಅಡಿಯವರೆಗೆ ಮತ್ತೆ ನಾಲ್ಕು ದಿನ, ಅದರ ಮೇಲೆ ಇನ್ನೂ ನಾಲ್ಕು ದಿನ ಇದ್ದು ಮೈ ಒಗ್ಗಿಸಿಕೊಳ್ಳಬೇಕು. ಆ ನಿಯಮ ಕೊಡಗಿನವನಿಗೂ ಒಂದೇ, ಪಂಜಾಬಿನವನಿಗೂ ಒಂದೇ. ಅವಸರ ಮಾಡಿದರೆ ಪುಪ್ಪುಸದಲ್ಲಿ ನೀರು ತುಂಬುತ್ತದೆ, ಮಿದುಳು ಊದುತ್ತದೆ. ಆಗ ಯಾವ ಕುಲದ ಕೆಚ್ಚೂ ಕಾಯುವುದಿಲ್ಲ. 1984ರ ಏಪ್ರಿಲ್‌ನಿಂದ ನಮ್ಮ ಸೈನ್ಯ ನಿಂತಿರುವ ಸಿಯಾಚಿನ್‌ನಲ್ಲಿ ಗುಂಡಿಗಿಂತ ಹಿಮ ಮತ್ತು ಚಳಿಗೆ ಬಲಿಯಾದವರೇ ಹೆಚ್ಚು.

ಇಲ್ಲಿ ಹನುಮಂತಪ್ಪ ಕೊಪ್ಪದ ಅವರನ್ನು ನೆನೆಯಬೇಕು. ಧಾರವಾಡ ಜಿಲ್ಲೆ ಕುಂದಗೋಳ ತಾಲೂಕಿನ ಬೆಟದೂರಿನವರು, 19ನೆಯ ಮದ್ರಾಸ್ ಬಟಾಲಿಯನ್ನಿನ ಲಾನ್ಸ್ ನಾಯಕ್. ರಾಬರ್ಟ್ಸ್ ಒಲ್ಲೆನೆಂದ ಅದೇ ಮದ್ರಾಸ್ ಪರಂಪರೆ. 2016ರ ಫೆಬ್ರವರಿ 3ರಂದು 19,600 ಅಡಿ ಎತ್ತರದಲ್ಲಿ ಹಿಮಗುಡ್ಡೆ ಕುಸಿದು ಹತ್ತು ಮಂದಿ ಹೂತುಹೋದರು. ಹಾಸನ ಜಿಲ್ಲೆಯ, ಮೈಸೂರು ಜಿಲ್ಲೆಯ ಕನ್ನಡಿಗರೂ ಅವರಲ್ಲಿದ್ದರು. ಹನುಮಂತಪ್ಪ ಆರು ದಿನದ ನಂತರ ಜೀವಂತ ಸಿಕ್ಕರು, ಫೆಬ್ರವರಿ 11ರಂದು ದೆಹಲಿಯ ಆಸ್ಪತ್ರೆಯಲ್ಲಿ ತೀರಿಕೊಂಡರು. ಇಡೀ ದೇಶ ಆ ಆರು ದಿನವನ್ನು ಪವಾಡವೆಂದಿತು. ಅವರು ಸೇವೆ ಮಾಡಿದ್ದು 13 ವರ್ಷ. ಅದರಲ್ಲಿ 10 ವರ್ಷ ಕಳೆದದ್ದು ಕಾಶ್ಮೀರ, ಈಶಾನ್ಯ, ಸಿಯಾಚಿನ್‌ನಂಥ ಕಷ್ಟದ ಜಾಗಗಳಲ್ಲಿ. ಆ ಹತ್ತು ವರ್ಷ ಹೇಗಿದ್ದವು? ಕಾವಲಿನ ರಾತ್ರಿಗಳು, ರಜೆಯ ಕಾಯುವಿಕೆ, ಜೊತೆಗಾರನ ಸಾವಿನ ಮರುದಿನ ಅದೇ ಪೋಸ್ಟಿಗೆ ಏರುವುದು ಹೇಗಿರುತ್ತದೆ? ಆರು ದಿನಕ್ಕೆ ಸಿಕ್ಕ ಗಮನದ ಒಂದಂಶವೂ ಆ ವರ್ಷಗಳಿಗೆ ಸಿಗಲಿಲ್ಲ. ಪವಾಡ ಎಂದುಬಿಟ್ಟರೆ ಕೇಳಲು ಏನೂ ಉಳಿಯುವುದಿಲ್ಲ. ಕೆಲಸ ಎಂದು ಒಪ್ಪಿಕೊಂಡರೆ ಕೇಳಬೇಕಾದ್ದು ಬಹಳವಿದೆ.

ಯುದ್ಧದ ಬಗ್ಗೆ ನಮಗಿರುವ ಕಲ್ಪನೆ ರೂಪುಗೊಂಡದ್ದು ಬಹುಮಟ್ಟಿಗೆ ಯಕ್ಷಗಾನದಲ್ಲಿ. ಚಂಡೆಯ ಏರುದನಿಯಲ್ಲಿ ಅಭಿಮನ್ಯು ಚಕ್ರವ್ಯೂಹ ಹೊಗುವುದನ್ನು, ಸುಧನ್ವ ಅರ್ಜುನನೆದುರು ನಿಲ್ಲುವುದನ್ನು ರಾತ್ರಿಯಿಡೀ ಕೂತು ನೋಡಿ ಬೆಳೆದ ಜನ ನಾವು. ಆ ಕಲೆಯ ಮೇಲೆ ನನಗೆ ಅಪಾರ ಪ್ರೀತಿ. ಆದರೆ ಆ ರಂಗದಲ್ಲಿ ವೀರರಿದ್ದಾರೆ, ಸೈನಿಕರಿಲ್ಲ. ಹದಿನೆಂಟು ಅಕ್ಷೋಹಿಣಿಯ ಕಾಲಾಳುಗಳು ಅರ್ಥಧಾರಿಯ ಒಂದು ಮಾತಿನಲ್ಲಿ ಸತ್ತುಹೋಗುತ್ತಾರೆ. ಇದು ಕಲೆಯ ದೋಷವಲ್ಲ. ಅದನ್ನೇ ಯುದ್ಧದ ತಿಳಿವಳಿಕೆ ಎಂದುಕೊಂಡ ನಮ್ಮ ದೋಷ. ಕನ್ನಡದಲ್ಲೇ ಬೇರೆ ದಾರಿಯೂ ಇತ್ತು: ಕುವೆಂಪು ‘ಶ್ಮಶಾನ ಕುರುಕ್ಷೇತ್ರ’ದಲ್ಲಿ ಹೆಸರಿಲ್ಲದ ಸೈನಿಕರನ್ನು ಮತ್ತು ಅವರ ಮನೆಯವರನ್ನು ರಂಗಕ್ಕೆ ತಂದರು, ಭೈರಪ್ಪನವರ ‘ಪರ್ವ’ ರಣಭೂಮಿಯ ಹಸಿವನ್ನು, ಹೊಲಸನ್ನು, ನಾತವನ್ನು ಮುಚ್ಚಿಡಲಿಲ್ಲ. ಇವನ್ನು ಮೆಚ್ಚಿದೆವು, ಆದರೂ ಸೈನಿಕನನ್ನು ನೋಡುವ ಕಣ್ಣು ಬದಲಾಗಲಿಲ್ಲ.

ವೀರಗಲ್ಲುಗಳನ್ನು ನಾವು ಓದುವ ರೀತಿಯೂ ಹೀಗೆಯೇ. ಬನವಾಸಿ ನಾಡಿನಲ್ಲಿ ಕೆರೆದಂಡೆ, ದೇವಸ್ಥಾನದ ಅಂಗಳಗಳಲ್ಲಿ ನಿಂತಿರುವ ಈ ಕಲ್ಲುಗಳ ಕೆಳಪಟ್ಟಿಯಲ್ಲಿ ಹೋರಾಟ, ನಡುವೆ ಅಪ್ಸರೆಯರು, ಮೇಲೆ ಕೈಲಾಸ. ನಾವು ಮೇಲಿನ ಎರಡು ಪಟ್ಟಿ ನೋಡಿ ಕೈಮುಗಿಯುತ್ತೇವೆ. ಕೆಳಪಟ್ಟಿಯನ್ನೂ ಶಾಸನದ ಅಕ್ಷರವನ್ನೂ ನೋಡಿದರೆ ಬೇರೆ ಲೋಕ ಕಾಣುತ್ತದೆ. ಎಷ್ಟೋ ಕಲ್ಲುಗಳು ಅರಸರವಲ್ಲ. ತುರುಗಳನ್ನು ಹೊಡೆದೊಯ್ದವರನ್ನು ಅಟ್ಟಿಹೋಗಿ ಸತ್ತ ಊರವರವು. ಹೋರಾಡಿದವನಿಗೆ, ಸತ್ತರೆ ಅವನ ಮನೆಯವರಿಗೆ ಭೂಮಿ ಕೊಡುವ ಪದ್ಧತಿಯಿತ್ತು. ಸತ್ತವನ ಕುಟುಂಬಕ್ಕೆ ಬಿಟ್ಟ ನೆಲ ನೆತ್ತರುಗೊಡಗೆ. ಕದಂಬರ ಕಾಲದ ಹಲ್ಮಿಡಿ ಶಾಸನ, ನಮ್ಮ ಭಾಷೆಯ ಅತಿ ಹಳೆಯ ದಾಖಲೆಗಳಲ್ಲೊಂದು, ಹೇಳುವುದೂ ಯುದ್ಧದಲ್ಲಿ ಕಾದಿದವನಿಗೆ ಬಾಳ್ಗಳ್ಚಾಗಿ (ಕತ್ತಿ ತೊಳೆದು ಕೊಡುವ ದಾನವಾಗಿ) ಎರಡು ಊರು ಬಿಟ್ಟದ್ದನ್ನೇ. ಸೈನಿಕನಿಗೆ ಊರು ಮತ್ತು ಅರಸು ಸಾಲಗಾರರು, ಆ ಸಾಲ ತೀರಿಸಬೇಕು ಎಂಬ ಲೆಕ್ಕ ಆ ಕಾಲಕ್ಕಿತ್ತು. ಆ ಕಾಲವನ್ನು ನಾನು ಹೊಗಳುತ್ತಿಲ್ಲ. ವೀರಗಲ್ಲಿನ ಪಕ್ಕದಲ್ಲೇ ಮಾಸ್ತಿಕಲ್ಲೂ ಇದೆ. ಗಂಡ ಸತ್ತರೆ ಹೆಂಡತಿಯಿಂದ ಏನನ್ನು ಬಯಸುತ್ತಿದ್ದರೆಂದು ಅದು ಹೇಳುತ್ತದೆ. ಆದರೂ ಭೂಮಿಯ ಲೆಕ್ಕ ಕಲ್ಲಿನ ಮೇಲೆ ಉಳಿದಿದೆ. ನಾವು ಬ್ಯಾನರು ಕಟ್ಟಿ, ಘೋಷಣೆ ಕೂಗಿ, ಮೂರನೆಯ ದಿನ ಬ್ಯಾನರು ಬಿಚ್ಚಿ ಲೆಕ್ಕ ಮುಗಿಸುತ್ತೇವೆ.

ಇದಕ್ಕೆ ಎರಡು ಆಕ್ಷೇಪಗಳು ಬರುತ್ತವೆ. ವೀರರೆಂದು ಹೊಗಳದಿದ್ದರೆ ಸೈನಿಕರ ಮನೋಬಲ ಕುಗ್ಗುವುದಿಲ್ಲವೇ ಎನ್ನುವುದು ಮೊದಲನೆಯದು. ಹೊಗಳಿಕೆ ಬೇಡವೆಂದು ನಾನು ಹೇಳುತ್ತಿಲ್ಲ. ಆದರೆ ವೀರನಿಗೆ ನೋಯುವಂತಿಲ್ಲ, ನಿದ್ದೆ ಬಾರದೆ ಒದ್ದಾಡುವಂತಿಲ್ಲ, ಊರಿಗೆ ಬಂದು ಕೆಲಸವಿಲ್ಲವೆಂದು ಹೇಳುವಂತಿಲ್ಲ. ವೀರ ಎಂಬ ಬಿರುದು ಬಾಯಿ ಮುಚ್ಚಿಸುವುದಾದರೆ ಅದರಿಂದ ಮನೋಬಲ ಹೆಚ್ಚದು. ಸೈನಿಕರೇ ಏನೂ ಹೇಳುವುದಿಲ್ಲ, ನಾವೇನು ಮಾಡೋಣ ಎನ್ನುವುದು ಎರಡನೆಯದು. ರಜೆಗೆ ಬಂದವನನ್ನು ನಾವು ಕೇಳುವುದೇನು? “ಎಷ್ಟು ಜನರನ್ನು ಹೊಡೆದೆ?”, “ಸಂಬಳ ಎಷ್ಟು?”, “ಕ್ಯಾಂಟೀನಿನಿಂದ ಏನು ತಂದೆ?” ಈ ಪ್ರಶ್ನೆಗಳಿಗೆ ಮೌನವೇ ಸರಿಯಾದ ಉತ್ತರ. ದೇಶದ ರಹಸ್ಯವನ್ನು ಯಾರೂ ಕೇಳಬೇಕಿಲ್ಲ. ಮೊದಲ ವಾರದ ಡ್ರಿಲ್ ಹೇಗಿತ್ತು, ಭಾಷೆ ಹೇಗೆ ಕಲಿತೆ, ಊರು ಯಾವಾಗ ನೆನಪಾಗುತ್ತಿತ್ತು ಎಂದು ಕೇಳಿದರೆ ರಹಸ್ಯವೇನೂ ಬಯಲಾಗದು.

ಈ ಮಾತನ್ನು ಈಗಲೇ ಹೇಳಬೇಕಾಗಿದೆ. 2022ರ ಜೂನ್‌ನಲ್ಲಿ ಅಗ್ನಿಪಥ ಯೋಜನೆ ಬಂತು. ಸೇವೆ ನಾಲ್ಕು ವರ್ಷ. ಮೊದಲ ವರ್ಷ ತಿಂಗಳಿಗೆ 30,000 ರೂಪಾಯಿ, ಅದರಲ್ಲಿ ಶೇಕಡಾ 30 ನಿಧಿಗೆ ಕಡಿತ. ಕೊನೆಗೆ ಸುಮಾರು 11.71 ಲಕ್ಷ ರೂಪಾಯಿ, ಪಿಂಚಣಿ ಇಲ್ಲ. ಸೈನ್ಯದಲ್ಲೇ ಉಳಿಯುವವರು ನಾಲ್ವರಲ್ಲಿ ಒಬ್ಬರು ಎಂಬುದು ಘೋಷಣೆಯ ದಿನದ ಲೆಕ್ಕ. ಮೊದಲ ತಂಡದ ತರಬೇತಿ 2023ರ ಆರಂಭದಲ್ಲಿ ಶುರುವಾಯಿತು. ಅಂದರೆ 2026ರ ಕೊನೆ, 2027ರ ಮೊದಲ ತಿಂಗಳುಗಳಿಂದ ಇಪ್ಪತ್ತೆರಡು, ಇಪ್ಪತ್ಮೂರರ ಹುಡುಗರು ಊರೂರಿಗೆ ಮರಳುತ್ತಾರೆ. ಯೋಜನೆ ಸರಿಯೇ ತಪ್ಪೇ ಎಂಬ ವಾದ ಬೇರೆ. ಆ ಹುಡುಗರು ಮರಳಿದಾಗ ‘ಮಾಜಿ ವೀರ’ ಎಂಬ ಹಾರ ಅವರ ಹೊಟ್ಟೆ ತುಂಬಿಸುವುದಿಲ್ಲ. ಅವರು ಕಲಿತದ್ದೇನು, ಅದು ಯಾವ ಕೆಲಸಕ್ಕೆ ಒದಗುತ್ತದೆ, ಮೈಗೂ ಮನಸ್ಸಿಗೂ ಆದ ಗಾಯವೇನು ಎಂದು ಅರಿತ ಊರು ಮಾತ್ರ ಅವರನ್ನು ಸೇರಿಸಿಕೊಳ್ಳಬಲ್ಲದು.

ಆದ್ದರಿಂದ ನನ್ನ ವಿನಂತಿ ಇಷ್ಟು. ಸೋಂದೆಯ ಚರಿತ್ರೆ ಬರೆಯುವವರು ಅರಸರ ವಂಶಾವಳಿಯ ಜೊತೆಗೆ ಕೋಟೆ ಕಾದವರನ್ನೂ ಹುಡುಕಲಿ. ಶಿರಸಿ, ಸಿದ್ದಾಪುರ, ಯಲ್ಲಾಪುರದ ಕಾಲೇಜುಗಳ ಕನ್ನಡ, ಇತಿಹಾಸ ವಿಭಾಗಗಳು ತಮ್ಮ ವಿದ್ಯಾರ್ಥಿಗಳನ್ನು ಊರಿನ ನಿವೃತ್ತ ಸೈನಿಕರ ಬಳಿಗೆ ಕಳಿಸಲಿ. ಅವರ ತರಬೇತಿ, ಕಾವಲು, ಕಾಯಿಲೆ, ಮರಳಿಕೆಯನ್ನು ಅವರದೇ ಮಾತಿನಲ್ಲಿ ಬರೆದಿಡಲಿ. ಅವರ ಹೆಂಡತಿಯರ, ತಾಯಂದಿರ ಮಾತನ್ನೂ ಬಿಡದಿರಲಿ. ಪಂಚಾಯತಿಗಳು ಹೀಗೆ ಮರಳುವ ಹುಡುಗರ ಪಟ್ಟಿ ಮಾಡಿ, ಸೈನಿಕ ಕಲ್ಯಾಣ ಇಲಾಖೆಯೊಡನೆ ಈಗಲೇ ಮಾತಾಡಲಿ. ನಿಮ್ಮ ಕೇರಿಗೆ ರಜೆಯ ಮೇಲೆ ಬಂದ ಸೈನಿಕನಿದ್ದರೆ ಫೋಟೋ ತೆಗೆಸಿಕೊಳ್ಳುವ ಮೊದಲು ಅವನ ಪಕ್ಕದಲ್ಲಿ ಕೂತು, ಅವನು ಹೇಳಲು ಬಯಸುವಷ್ಟನ್ನು ಪೂರ್ತಿ ಕೇಳಿ.