ಬರೀಲಿಕ್ಕಂತೂ ಬಿಟ್ಟಾರ

ಅರ್ಜಿ ತಿರಸ್ಕೃತವಾಗಿದೆ, ಹಾಲ್ ಟಿಕೆಟ್ ಬಂದಿಲ್ಲ, ಪರೀಕ್ಷೆ ಬರುವ ಭಾನುವಾರ. ಇಂಥ ಹೊತ್ತಿನಲ್ಲಿ ಚಿತ್ತಾಪುರ, ಸೇಡಂ, ಚಿಂಚೋಳಿಯ ಅಭ್ಯರ್ಥಿ ಕಲಬುರಗಿಯ ಬಸ್ಸು ಹತ್ತುತ್ತಾನೆ. ಹೈಕೋರ್ಟ್‌ನ ಕಾಯಂ ಪೀಠ 2013ರಿಂದ ಅಲ್ಲೇ ಇದೆ. ಆದರೆ ಸುಪ್ರೀಂ ಕೋರ್ಟ್‌ನ 1997ರ ಚಂದ್ರಕುಮಾರ್ ತೀರ್ಪಿನ ನಂತರ ನೌಕರಿಯ ತಕರಾರಿಗೆ ನೇರವಾಗಿ ಆ ಮೆಟ್ಟಿಲು ಹತ್ತುವಂತಿಲ್ಲ. ರಾಜ್ಯ ಸರ್ಕಾರದ ಹುದ್ದೆಯಾದರೆ ಮೊದಲು ಆಡಳಿತ ನ್ಯಾಯಮಂಡಳಿ, ಅಂದರೆ ಕೆಎಟಿ. ಅದೃಷ್ಟವಿದ್ದರೆ ಅಲ್ಲಿ ಸಿಗುವುದು ಒಂದು ಮಧ್ಯಂತರ ಆದೇಶ: ಅರ್ಜಿದಾರರಿಗೆ ತಾತ್ಕಾಲಿಕವಾಗಿ ಪರೀಕ್ಷೆ ಬರೆಯಲು ಬಿಡಿ, ಫಲಿತಾಂಶ ಅಂತಿಮ ಆದೇಶಕ್ಕೆ ಒಳಪಟ್ಟಿರಲಿ. ಕೇಸು ಏನಾಯಿತು ಎಂದು ಊರಲ್ಲಿ ಕೇಳಿದವರಿಗೆ ಉತ್ತರ, ‘ಬರೀಲಿಕ್ಕಂತೂ ಬಿಟ್ಟಾರ.’

ಈ ಪದ್ಧತಿಯನ್ನು ಪೂರ್ತಿ ಹಳಿಯಲಾರೆ. ಪರೀಕ್ಷೆ ಮುಗಿದ ಮೇಲೆ ಗೆದ್ದ ಕೇಸಿನಿಂದ ಯಾರಿಗೂ ಪ್ರಯೋಜನವಿಲ್ಲ. ಆದರೂ ನನ್ನ ತಕರಾರು ಇದು: ಆದೇಶದ ಲಾಭ ಅರ್ಜಿ ಹಾಕಿದವನಿಗೆ ಮಾತ್ರ. ಅದೇ ಕಾರಣಕ್ಕೆ ತಿರಸ್ಕೃತನಾಗಿ, ವಕೀಲರ ಫೀಸು ಹೊಂದಿಸಲಾಗದೆ ಮನೆಯಲ್ಲೇ ಉಳಿದವನಿಗೆ ಏನೂ ಇಲ್ಲ. ಇತ್ತ ಬರೆದವನದ್ದೂ ನೆಮ್ಮದಿಯ ಸ್ಥಿತಿಯಲ್ಲ. ಮೂಲ ಪ್ರಶ್ನೆ ತೀರ್ಮಾನವಾಗದೆ ಅವನ ಅಂಕಗಳಿಗೆ ಬೆಲೆಯಿಲ್ಲ.

ಆ ಮೂಲ ಪ್ರಶ್ನೆ ಎಷ್ಟೋ ಸಲ ಒಂದು ಕಾಗದದ ತಾರೀಕು. ಕಲ್ಯಾಣ ಕರ್ನಾಟಕದವರಿಗೆ ಜಾತಿ, ಆದಾಯ ಪತ್ರಗಳ ಜೊತೆಗೆ ಇನ್ನೊಂದು ಬೇಕು, ಸಂವಿಧಾನದ 371(ಜೆ) ವಿಧಿಯ ಅರ್ಹತಾ ಪ್ರಮಾಣಪತ್ರ. ಸ್ಥಳೀಯ ವೃಂದದಲ್ಲಿ ‘ಸಿ’ ಗುಂಪಿನ ಶೇ. 80, ‘ಡಿ’ ಗುಂಪಿನ ಶೇ. 85ರಷ್ಟು ಹುದ್ದೆಗಳ ಬಾಗಿಲು ತೆರೆಯುವುದು ಅದರಿಂದಲೇ. ಕೊಡುವವರು ಉಪವಿಭಾಗಾಧಿಕಾರಿ, ಅಂದರೆ ಎಸಿ; ಚಿತ್ತಾಪುರದವರು ಸೇಡಂ ಎಸಿ ಕಚೇರಿಗೇ ಹೋಗಬೇಕು. ಹುಟ್ಟಿನಿಂದಲೋ ವಾಸದಿಂದಲೋ ಈ ಭಾಗದವನಾದ ಹುಡುಗ, ಎಸಿ ಸಾಹೇಬರ ಸಹಿ ಅರ್ಜಿಯ ಕೊನೆಯ ದಿನ ದಾಟಿ ಬಿದ್ದ ಮಾತ್ರಕ್ಕೆ ಹೊರಗಿನವನಾಗುತ್ತಾನೆಯೆ? ಸುಪ್ರೀಂ ಕೋರ್ಟ್ 2016ರಲ್ಲಿ, ದೆಹಲಿಯ ರಾಮ್ ಕುಮಾರ್ ಗಿಜ್ರೋಯಾ ಪ್ರಕರಣದಲ್ಲಿ, ತಡವಾಗಿ ಕೊಟ್ಟ ಹಿಂದುಳಿದ ವರ್ಗದ ಪತ್ರವನ್ನು ಒಪ್ಪಿತು. 2023ರಲ್ಲಿ, ಯುಪಿಎಸ್‌ಸಿಯ ದಿವ್ಯಾ ಪ್ರಕರಣದಲ್ಲಿ, ಆರ್ಥಿಕವಾಗಿ ಹಿಂದುಳಿದವರ ಪತ್ರ ಗಡುವಿನೊಳಗೇ ಇರಬೇಕೆಂದು ಬಿಗಿ ಮಾಡಿತು. ಎರಡರ ನಡುವೆ ಕಾನೂನಿನ ವ್ಯತ್ಯಾಸ ತೋರಿಸಬಹುದು. ಆದರೆ ಅರ್ಜಿ ತುಂಬುವವನಿಗೆ ಅದನ್ನು ತಿಳಿಸಿ ಹೇಳುವವರು ಯಾರು? ಹುಟ್ಟಿದ ಊರು ಗಡುವಿಗೆ ತಕ್ಕಂತೆ ಬದಲಾಗುವುದಿಲ್ಲ. ಎಸಿ ಕಚೇರಿಯ ಸ್ವೀಕೃತಿ ರಸೀದಿ ಗಡುವಿನೊಳಗಿದ್ದರೆ ಸಾಕು ಎಂದು ಅಧಿಸೂಚನೆಯಲ್ಲೇ ಒಂದು ಸಾಲು ಸೇರಿಸಿದರೆ ಇಂಥ ಕೇಸುಗಳಲ್ಲಿ ಬಹಳಷ್ಟು ಹುಟ್ಟುವುದೇ ಇಲ್ಲ.

ಒಬ್ಬೊಬ್ಬರಿಗಲ್ಲದೆ ಎಲ್ಲರಿಗೂ ಒಟ್ಟಿಗೆ ಪರಿಹಾರ ಕೊಟ್ಟ ತೀರ್ಪೂ ನಮ್ಮ ಕಣ್ಣೆದುರಿಗಿದೆ. 545 ಪಿಎಸ್ಐ ಹುದ್ದೆಗಳಿಗೆ 2021ರ ಅಕ್ಟೋಬರ್ 3ರಂದು ನಡೆದ ಪರೀಕ್ಷೆಯ ಅಕ್ರಮ ಬಯಲಾದದ್ದು ಕಲಬುರಗಿಯ ಒಂದು ಕೇಂದ್ರದಿಂದ. ಇಪ್ಪತ್ತೊಂದು ಪ್ರಶ್ನೆಗೆ ಮಾತ್ರ ಗುರುತು ಹಾಕಿದ್ದ ಓಎಂಆರ್ ಹಾಳೆಗೆ 121 ಅಂಕ ಬಂದಿತ್ತು ಎಂಬ ಆರೋಪ ರಾಜ್ಯವನ್ನೇ ಬೆಚ್ಚಿಬೀಳಿಸಿತು. ಚಿತ್ತಾಪುರದ ಶಾಸಕ ಪ್ರಿಯಾಂಕ್ ಖರ್ಗೆ ಈ ಅಕ್ರಮದ ಕುರಿತ ಆಡಿಯೊ ಬಿಡುಗಡೆ ಮಾಡಿ ಸಿಐಡಿ ನೋಟಿಸು ಪಡೆದದ್ದೂ ಆಗಲೇ. 2022ರ ಏಪ್ರಿಲ್‌ನಲ್ಲಿ ಸರ್ಕಾರ ಪರೀಕ್ಷೆ ರದ್ದುಮಾಡಿತು. ಆಯ್ಕೆಯಾದವರು ಅದನ್ನು ಪ್ರಶ್ನಿಸಿದರು. 2023ರ ನವೆಂಬರ್‌ನಲ್ಲಿ ಹೈಕೋರ್ಟ್ ರದ್ದತಿಯನ್ನು ಎತ್ತಿಹಿಡಿದು, ಸ್ವತಂತ್ರ ಸಂಸ್ಥೆಯಿಂದ ಮರುಪರೀಕ್ಷೆ ನಡೆಸಲು ಹೇಳಿತು. ತಪ್ಪು ಮಾಡದೆ ಆಯ್ಕೆಯಾಗಿದ್ದವರಿಗೆ ಇದರಿಂದ ನೋವಾಯಿತು, ನಿಜ. ಆದರೂ ತೀರ್ಪು ಸರಿ. ವಕೀಲರನ್ನು ಹಿಡಿಯಲಾಗದವನಿಗೂ ಎರಡನೇ ಅವಕಾಶ ಸಿಕ್ಕಿದ್ದು ಅದರಿಂದಲೇ.

ಕೆಎಟಿಯ ಮಧ್ಯಂತರ ಆದೇಶಗಳಿಗೂ ಈ ಹರವು ಬರಬೇಕು. ಒಬ್ಬನಿಗೆ ಬಿಟ್ಟರೆ, ಅದೇ ಕಾರಣಕ್ಕೆ ತಡೆಯಲ್ಪಟ್ಟ ಎಲ್ಲರಿಗೂ ಬಿಡಿ ಎಂದು ನೇಮಕಾತಿ ನಡೆಸುವ ಆಯೋಗಕ್ಕೆ ಹೇಳುವುದರಲ್ಲಿ ಕಷ್ಟವೇನಿದೆ? ಅಂತಿಮ ಆಯ್ಕೆಪಟ್ಟಿ ಬರುವುದರೊಳಗೆ ಮೂಲ ಅರ್ಜಿಯೂ ಇತ್ಯರ್ಥವಾಗಬೇಕು.

ಅಂದಹಾಗೆ, ಆ ಪಿಎಸ್ಐ ಮರುಪರೀಕ್ಷೆಯನ್ನು ಕರ್ನಾಟಕ ಪರೀಕ್ಷಾ ಪ್ರಾಧಿಕಾರ (ಕೆಇಎ) 2024ರ ಜನವರಿ 23ರಂದು ಬೆಂಗಳೂರಿನಲ್ಲಷ್ಟೇ ನಡೆಸಿತು. ಕಲಬುರಗಿ, ಯಾದಗಿರಿಯಲ್ಲಿ ಅಷ್ಟರಲ್ಲಿ ಬ್ಲೂಟೂತ್ ನಕಲಿನ ಇನ್ನೊಂದು ಪ್ರಕರಣವೂ ಸಿಕ್ಕಿಬಿದ್ದಿದ್ದರಿಂದ ಇಲ್ಲಿನ ಕೇಂದ್ರಗಳ ಮೇಲಿನ ಅನುಮಾನ ಅರ್ಥವಾಗುತ್ತದೆ. ಆದರೆ ಅದರ ದಂಡ ಕಟ್ಟಿದವರು ವಾಡಿಯಲ್ಲಿ ರೈಲು ಹತ್ತಿ, ರಾತ್ರಿಯೆಲ್ಲ ಜನರಲ್ ಬೋಗಿಯಲ್ಲಿ ನಿಂತು ಹೋದ, ಯಾವ ಕೇಸಿನಲ್ಲೂ ಹೆಸರಿಲ್ಲದ ಹುಡುಗರು.